ಭಾಷೆ ಬಾರದ ತಾಂಡಾದಲ್ಲಿ ಸಾಕ್ಷ್ಯಚಿತ್ರ: ಕಲಿಸುವುದೂ ತೆಗೆಯುವುದೂ ಒಟ್ಟಿಗೆ ಸಾಗೀತೇ?

ಪ್ರಶ್ನೆ: ವಿಜಯಪುರ ಜಿಲ್ಲೆಯ ಪದವಿ ಕಾಲೇಜೊಂದರಲ್ಲಿ ಪತ್ರಿಕೋದ್ಯಮದ ಅತಿಥಿ ಉಪನ್ಯಾಸಕನಾಗಿದ್ದೇನೆ. ಕನ್ನಡದಲ್ಲಿ ಎರಡು ಕಿರು ಸಾಕ್ಷ್ಯಚಿತ್ರ ಮಾಡಿದ್ದೇನೆ. ಈಗ 12 ವಿದ್ಯಾರ್ಥಿಗಳನ್ನು ಜೊತೆಗಿಟ್ಟುಕೊಂಡು ಹತ್ತಿರದ ಲಂಬಾಣಿ ತಾಂಡಾವೊಂದರ ಬಗ್ಗೆ ಚಿತ್ರ ಮಾಡಬೇಕೆಂದಿದ್ದೇನೆ. ನನಗೆ ಲಂಬಾಣಿ ಭಾಷೆ ಬರುವುದಿಲ್ಲ. ಅಮೆರಿಕದ ವಿಶ್ವವಿದ್ಯಾಲಯವೊಂದರ ಅಧ್ಯಾಪಕರು ಕೈಜೋಡಿಸಲು ಒಪ್ಪಿದ್ದಾರೆ. ಕಲಿಸುವುದು, ಬೇರೆ ಸಮುದಾಯದವರ ಕಥೆ ಹೇಳುವುದು, ಈ ಎರಡನ್ನೂ ಸೇರಿಸಿ ವೃತ್ತಿ ಮಾಡಿಕೊಳ್ಳಲು ಸಾಧ್ಯವೇ? ಈ ಚಿತ್ರವನ್ನು ಎಲ್ಲಿಂದ ಶುರು ಮಾಡಲಿ?

ಉತ್ತರ: ಮೊದಲು ಅನುವಾದಕರನ್ನು ಗೊತ್ತು ಮಾಡಿಕೊಳ್ಳಿ, ಕ್ಯಾಮೆರಾ ಆಮೇಲೆ. ಬೇರೆ ಭಾಷೆಯ ಜನರ ನಡುವೆ ತೆಗೆದ ಸಾಕ್ಷ್ಯಚಿತ್ರಗಳು ಬಹುಪಾಲು ಒಂದೇ ಕಡೆ ಕೆಡುತ್ತವೆ. ಶೂಟಿಂಗ್‌ಗೆ ಎರಡು ವಾರ, ಎಡಿಟಿಂಗ್‌ಗೆ ಮೂರು ವಾರ ಇಟ್ಟು, ಅನುವಾದವನ್ನು ಕೊನೆಯ ಎರಡು ದಿನಕ್ಕೆ ತಳ್ಳಿರುತ್ತಾರೆ. ಅಷ್ಟರಲ್ಲಿ ಚಿತ್ರ ಕತ್ತರಿಸಿ ಮುಗಿದಿರುತ್ತದೆ. ಕತ್ತರಿಸಿದವರಿಗೆ ಯಾರು ಏನು ಹೇಳಿದರೆಂದೇ ಗೊತ್ತಿರುವುದಿಲ್ಲ. ಹಾಗಾಗಿ ಮಾತು ತಿಳಿಯದಿದ್ದರೂ ನೋಡಬಹುದಾದ ದೃಶ್ಯಗಳೇ ಉಳಿದುಕೊಳ್ಳುತ್ತವೆ: ಕನ್ನಡಿ ಹೊಲಿದ ಉಡುಪು, ದೀಪಾವಳಿಯಲ್ಲಿ ಹುಡುಗಿಯರು ದೀಪ ಹಿಡಿದು ಮನೆಮನೆಗೆ ಹೋಗಿ ‘ಮೇರಾ’ ಹಾಡುವುದು, ಒಂದಿಷ್ಟು ಕುಣಿತ. ಲಂಬಾಣಿಗಳ ಬಗ್ಗೆ ಇನ್ನೊಂದು ಬಣ್ಣಬಣ್ಣದ ಚಿತ್ರ ಯಾರಿಗೂ ಬೇಕಿಲ್ಲ.

ಲೆಕ್ಕ ಹಾಕಿ ನೋಡಿ. ಅರ್ಧ ಗಂಟೆಯ ಚಿತ್ರಕ್ಕೆ 20 ಗಂಟೆ ಫುಟೇಜ್ (ತೆಗೆದಿಟ್ಟ ದೃಶ್ಯ) ಆಯಿತೆನ್ನಿ, ಅದರಲ್ಲಿ ಮಾತು 12 ಗಂಟೆ. ನಮಗೆ ಬಾರದ ಭಾಷೆಯ ಒಂದು ಗಂಟೆ ಮಾತನ್ನು ಕೇಳಿ, ಬರೆದು, ಕನ್ನಡಕ್ಕೆ ತರಲು ಎಂಟು ಗಂಟೆ ಹಿಡಿಯುತ್ತದೆ. ಒಬ್ಬರ ಮಾತಿನ ಮೇಲೆ ಇನ್ನೊಬ್ಬರು ಮಾತಾಡುವ ಕಟ್ಟೆ ಪಂಚಾಯಿತಿಯ ದೃಶ್ಯವಾದರೆ ಹತ್ತೂ ಆದೀತು. ಎಂಟರಂತೆ ಹಿಡಿದರೂ ಒಟ್ಟು 96 ಗಂಟೆ. ದಿನಕ್ಕೆ ನಾಲ್ಕು ಗಂಟೆಗಿಂತ ಹೆಚ್ಚು ಕೂತರೆ ಕಿವಿ ದಣಿದು ತಪ್ಪುಗಳು ನುಸುಳುತ್ತವೆ. ಅಂದರೆ ಒಬ್ಬರಿಗೆ 24 ದಿನದ ಕೆಲಸ, ಇಬ್ಬರಿಗೆ 12 ದಿನ. ಈ ದಿನಗಳನ್ನೂ ಇದರ ಸಂಬಳವನ್ನೂ ಬಜೆಟ್ಟಿನ ಮೊದಲ ಸಾಲಿನಲ್ಲೇ ಬರೆಯಿರಿ. ಹಣ ಸಾಲದಿದ್ದರೆ ಶೂಟಿಂಗ್ ದಿನ ಕಡಿಮೆ ಮಾಡಿ, ಅನುವಾದದ ದಿನಗಳನ್ನು ಮುಟ್ಟಬೇಡಿ.

ನಿಮ್ಮ ಹನ್ನೆರಡು ಮಂದಿಯಲ್ಲೇ ತಾಂಡಾದಿಂದ ಬಂದವರು ಇರಬಹುದು, ವಿಚಾರಿಸಿ. ಇದ್ದರೆ ಒಳ್ಳೆಯದೇ, ಆದರೆ ಆ ವಿದ್ಯಾರ್ಥಿಯನ್ನು ಬರೀ ದುಭಾಷಿಯಾಗಿಸಿ ಮೂಲೆಯಲ್ಲಿ ಕೂರಿಸಬೇಡಿ. ಉಳಿದವರೆಲ್ಲ ಕ್ಯಾಮೆರಾ ಹಿಡಿದು ಕಲಿಯುವಾಗ ಅವನೋ ಅವಳೋ ಮಾತ್ರ ಎಲ್ಲರ ಮಾತು ಹೊರುವುದು ಅನ್ಯಾಯ. ಅನುವಾದಕ್ಕೆ ಇಬ್ಬರು ಬೇಕು. ಒಬ್ಬರು ಅದೇ ತಾಂಡಾದವರು ಅಥವಾ ಅಲ್ಲಿಗೆ ಬಳಕೆಯವರು, ಶೂಟಿಂಗ್ ಜಾಗದಲ್ಲಿ ಇರುವವರು. ಇನ್ನೊಬ್ಬರು ಬೇರೆ ತಾಂಡಾದವರು, ಫುಟೇಜನ್ನು ಮಾತ್ರ ಕೇಳುವವರು. ಪ್ರತಿ ಗಂಟೆಯ ಮಾತಿನಲ್ಲಿ ಹತ್ತು ನಿಮಿಷವನ್ನು ಇಬ್ಬರೂ ಬೇರೆಬೇರೆಯಾಗಿ ಅನುವಾದಿಸಲಿ. ಇಬ್ಬರ ಅನುವಾದ ಎಲ್ಲಿ ಕೂಡುವುದಿಲ್ಲವೋ ಅಲ್ಲಿ, ಮಾತಾಡಿದವರ ಬಳಿಗೇ ಹೋಗಿ ಕೇಳಿ.

ಯಾರನ್ನು ಆರಿಸಬಾರದು ಎಂಬುದೂ ಮುಖ್ಯ. ಅತ್ತೆಯ ಮಾತನ್ನು ಸೊಸೆ, ಕೂಲಿಯವರ ಮಾತನ್ನು ಅವರನ್ನು ಕೆಲಸಕ್ಕೆ ಕರೆದೊಯ್ಯುವ ಮುಕಾದಮನ ಮಗ, ಹೆಂಗಸರ ಮಾತನ್ನು ತಾಂಡಾದ ನಾಯಕ ಅನುವಾದಿಸಿದರೆ ನಿಮಗೆ ಸಿಗುವುದು ಸಭ್ಯವಾದ ಸುಳ್ಳು. ಸ್ವಯಂಸೇವಾ ಸಂಸ್ಥೆಯ ಕಾರ್ಯಕರ್ತರಾದರೆ ಜನ ಹೇಳಿದ್ದೆಲ್ಲ ಯೋಜನಾ ವರದಿಯ ಭಾಷೆಗೆ ತಿರುಗಿರುತ್ತದೆ. ದುಭಾಷಿ ಹೊಸಬರಾದರೆ ಇನ್ನೊಂದು ತೊಂದರೆ: ಅಜ್ಜಿ ಎರಡು ನಿಮಿಷ ಮಾತಾಡಿ, ನಡುವೆ ನಕ್ಕು, ಒಂದು ಹೆಸರು ಹೇಳಿ ದನಿ ತಗ್ಗಿಸುತ್ತಾಳೆ. ದುಭಾಷಿ ನಿಮ್ಮ ಕಡೆ ತಿರುಗಿ ‘ಆಗ ಭಾಳ ಕಷ್ಟ ಇತ್ತಂತ್ರೀ ಸರ್’ ಎನ್ನುತ್ತಾರೆ. ಆ ಎರಡು ನಿಮಿಷದಲ್ಲಿ ಏನೆಲ್ಲ ಇತ್ತೆಂಬುದು ಬರಹಕ್ಕೆ ಇಳಿಸಿದ ಮೇಲಷ್ಟೇ ಗೊತ್ತಾಗುತ್ತದೆ.

ಆದ್ದರಿಂದ ಮಾತಾಡುವಾಗ ಪ್ರತಿ ವಾಕ್ಯಕ್ಕೂ ನಿಲ್ಲಿಸಿ ಅನುವಾದ ಕೇಳಬೇಡಿ. ಪ್ರಶ್ನೆಗಳನ್ನು ಹಿಂದಿನ ದಿನವೇ ದುಭಾಷಿಯ ಜೊತೆ ಕೂತು ಮಾತಾಡಿ, ಅವರೇ ಕೇಳಲಿ. ಐದಾರು ನಿಮಿಷಕ್ಕೊಮ್ಮೆ ಬಿಡುವು ಸಿಕ್ಕಾಗ ಎರಡು ಮಾತಿನಲ್ಲಿ ಸಾರ ಹೇಳಲಿ, ಅಷ್ಟು ಸಾಕು. ಅವರು ಕೂರುವ ಜಾಗ ಲೆನ್ಸಿಗೆ ಅಂಟಿದಂತಿರಬೇಕು, ಲೆನ್ಸಿನಷ್ಟೇ ಎತ್ತರದಲ್ಲಿ. ಜನ ಪ್ರಶ್ನೆ ಕೇಳಿದವರನ್ನೇ ನೋಡಿ ಮಾತಾಡುತ್ತಾರೆ. ದುಭಾಷಿ ಎಲ್ಲೋ ಪಕ್ಕದ ಕಟ್ಟೆಯ ಮೇಲಿದ್ದರೆ ನೋಟ ಚೌಕಟ್ಟಿನಿಂದ ಹೊರಗೆ ಓಡುತ್ತದೆ. ಪ್ರೇಕ್ಷಕರಿಗೆ ಆ ವ್ಯಕ್ತಿ ತಮ್ಮಿಂದ ಮುಖ ತಿರುಗಿಸಿದಂತೆ ಕಾಣುತ್ತದೆ. ನೀವು ನೆಲದ ಮೇಲೆ ಕೂತು ದುಭಾಷಿ ನಿಂತಿದ್ದರೆ ಕಣ್ಣು ಮೇಲಕ್ಕೇರಿ ಅಧಿಕಾರಿಗೆ ಅರ್ಜಿ ಕೊಟ್ಟ ಹಾಗಿರುತ್ತದೆ.

ಬರಹಕ್ಕೆ ಇಳಿಸುವ ಹಾಳೆಗೆ ಐದು ಅಂಕಣ ಇರಲಿ: ಟೈಮ್‌ಕೋಡ್ (ಫುಟೇಜಿನಲ್ಲಿ ಆ ಮಾತು ಬರುವ ಸಮಯ), ಲಂಬಾಣಿ ಮಾತು, ಪದಕ್ಕೆ ಪದ ಅನುವಾದ, ಸಹಜ ಕನ್ನಡ, ಷರಾ. ಲಂಬಾಣಿಗೆ ಸ್ವಂತ ಲಿಪಿ ಇಲ್ಲ, ಕನ್ನಡ ಲಿಪಿಯಲ್ಲೇ ಬರೆಸಿ. ಪದಕ್ಕೆ ಪದದ ಅಂಕಣ ಓದಲು ಸೊಟ್ಟಗಿರುತ್ತದೆ, ಇರಲಿ. ಮಾತನ್ನು ಎಲ್ಲಿ ಕತ್ತರಿಸಬಹುದು, ಎಲ್ಲಿ ಕತ್ತರಿಸಿದರೆ ಕ್ರಿಯಾಪದವೇ ಬಿದ್ದುಹೋಗುತ್ತದೆ ಎಂಬುದು ಎಡಿಟರ್‌ಗೆ ತಿಳಿಯುವುದು ಅದರಿಂದಲೇ. ಷರಾ ಅಂಕಣದಲ್ಲಿ ಆಗ ಸುತ್ತ ಯಾರಿದ್ದರು, ದನಿ ಹೇಗಿತ್ತು, ಹೇಳಿದ್ದು ಗಾದೆಯೋ ಹಾಡಿನ ಸಾಲೋ ಎಂದು ಬರೆಯಿರಿ. ಆ ದಿನದ ಮಾತು ಮರುದಿನವೇ ಈ ಹಾಳೆಗೆ ಇಳಿದರೆ ಮೂರನೆಯ ದಿನದ ಪ್ರಶ್ನೆಗಳು ಅದರಿಂದಲೇ ಹುಟ್ಟುತ್ತವೆ. ತಿಂಗಳು ಬಿಟ್ಟು ಇಳಿಸಿದರೆ ‘ಇದನ್ನು ಆಗಲೇ ಕೇಳಬೇಕಿತ್ತು’ ಎಂಬ ಪಟ್ಟಿ ಮಾತ್ರ ಸಿಗುತ್ತದೆ. ನನ್ನನ್ನು ಕೇಳಿದರೆ ನಿಮ್ಮ ವಿದ್ಯಾರ್ಥಿಗಳಿಗೆ ನಿಜವಾದ ತರಗತಿ ಈ ಮೇಜು. ಸರದಿಯಂತೆ ಎಲ್ಲರೂ ಅನುವಾದಕರ ಪಕ್ಕ ಕೂರಲಿ, ಒಬ್ಬೊಬ್ಬರೂ ಕನಿಷ್ಠ ಎಂಟು ಗಂಟೆ.

ವೃತ್ತಿಯ ಪ್ರಶ್ನೆಗೆ ಬರೋಣ. ಕಲಿಸುವುದನ್ನೂ ಬೇರೆ ಸಂಸ್ಕೃತಿಯ ಚಿತ್ರಗಳನ್ನೂ ಒಟ್ಟಿಗೆ ನಡೆಸಿದವರು ಸಾಕ್ಷ್ಯಚಿತ್ರದ ಇತಿಹಾಸದಲ್ಲಿ ಅಪರೂಪವೇನಲ್ಲ. ಕೆನಡಾದ ನ್ಯಾಷನಲ್ ಫಿಲ್ಮ್ ಬೋರ್ಡ್‌ನ ಆರಂಭದ ದಿನಗಳಲ್ಲಿ ಕೆಲಸ ಕಲಿತ ಜೇಮ್ಸ್ ಬೆವರಿಜ್ 1950ರ ದಶಕದಲ್ಲಿ ಮುಂಬೈಗೆ ಬಂದು ಬರ್ಮಾ ಶೆಲ್ ಕಂಪನಿಯ ಸಾಕ್ಷ್ಯಚಿತ್ರ ಘಟಕ ನಡೆಸಿದರು, ಮುಂದೆ ಟೊರಾಂಟೊದ ಯಾರ್ಕ್ ವಿಶ್ವವಿದ್ಯಾಲಯದಲ್ಲಿ ಕಲಿಸಿದರು. 1982ರಲ್ಲಿ ದೆಹಲಿಯ ಜಾಮಿಯಾ ಮಿಲ್ಲಿಯಾ ಇಸ್ಲಾಮಿಯಾದಲ್ಲಿ ಸಮೂಹ ಸಂವಹನ ಸಂಶೋಧನಾ ಕೇಂದ್ರ ಆರಂಭವಾದಾಗ ಅದನ್ನು ಕಟ್ಟಿದವರಲ್ಲಿ ಅವರೂ ಒಬ್ಬರು. ಫ್ರಾನ್ಸಿನ ಸಾಕ್ಷ್ಯಚಿತ್ರಕಾರ ಜಾನ್ ರೂಶ್ 1978ರಲ್ಲಿ ಮೊಜಾಂಬಿಕ್‌ನಲ್ಲಿ ಸ್ಥಳೀಯ ಯುವಕರ ಕೈಗೆ ಸೂಪರ್ 8 ಕ್ಯಾಮೆರಾ ಕೊಟ್ಟು ಕಮ್ಮಟ ನಡೆಸಿದರು. ಪ್ಯಾರಿಸ್‌ನ ಅತೆಲಿಯೇ ವಾರಾನ್ ಎಂಬ ಸಾಕ್ಷ್ಯಚಿತ್ರ ಶಾಲೆ 1981ರಲ್ಲಿ ರೂಪುಗೊಂಡದ್ದು ಆ ಅನುಭವದಿಂದಲೇ. ಅಲ್ಲಿ ಇಂದಿಗೂ ಪಾಠಕ್ಕಿಂತ ತೆಗೆದು ನೋಡುವುದಕ್ಕೇ ಹೆಚ್ಚು ಬೆಲೆ.

ನಿಮ್ಮ ಯೋಜನೆಗೆ ಹತ್ತಿರವಾಗುವ ಉದಾಹರಣೆ ಸಾಕ್ಷ್ಯಚಿತ್ರಕಾರ ಡೇವಿಡ್ ಮ್ಯಾಕ್‌ಡೂಗಲ್ ಅವರದು. ಅವರೂ ಪತ್ನಿ ಜೂಡಿತ್ ಅವರೂ ಪೂರ್ವ ಆಫ್ರಿಕಾದ ಪಶುಪಾಲಕರ ನಡುವೆ ಚಿತ್ರ ತೆಗೆಯುವಾಗ, ಆ ಕಾಲದ ರೂಢಿಯಂತೆ ಜನರ ಮಾತಿನ ಮೇಲೆ ವಿವರಣೆಯ ದನಿ ಹೊದಿಸಲಿಲ್ಲ, ಅವರ ಸಂಭಾಷಣೆಗೇ ಸಬ್‌ಟೈಟಲ್ ಕೊಟ್ಟರು. ಹಾಗೆ ಮಾಡಿದ ಮೊದಲಿಗರಲ್ಲಿ ಅವರಿದ್ದಾರೆ. ಆಸ್ಟ್ರೇಲಿಯಾದ ನ್ಯಾಷನಲ್ ಯೂನಿವರ್ಸಿಟಿಯಲ್ಲಿದ್ದುಕೊಂಡು ಡೇವಿಡ್ 1997ರಿಂದ ಡೆಹ್ರಾಡೂನಿನ ಡೂನ್ ಶಾಲೆಯಲ್ಲಿ ಚಿತ್ರೀಕರಿಸಿದರು, ಒಂದೇ ಶಾಲೆಯಿಂದ ಐದು ಚಿತ್ರಗಳಾದವು. ಆಮೇಲೆ ನಮ್ಮ ಗಡಿಯಾಚೆ ಮದನಪಲ್ಲಿ ಬಳಿಯ ರಿಷಿ ವ್ಯಾಲಿ ಶಾಲೆ, ದೆಹಲಿಯ ಮಕ್ಕಳ ಆಶ್ರಯಧಾಮ. ಕೊನೆಗೆ ಭಾರತದ ಬೇರೆಬೇರೆ ಕಡೆಯ ಮಕ್ಕಳ ಕೈಗೇ ಕ್ಯಾಮೆರಾ ಕೊಟ್ಟು ಕಲಿಸುವ ಯೋಜನೆ. ಇದರಲ್ಲಿ ನಿಮಗೆ ಬೇಕಾದದ್ದು ಕ್ರಮ: ಮೊದಲು ಒಂದೇ ಜಾಗದಲ್ಲಿ ದೀರ್ಘಕಾಲ ನೋಡುವುದು, ಕಲಿಸುವುದು ಅದರ ಮುಂದುವರಿಕೆ.

ಎಚ್ಚರಿಕೆಗೆ ಇನ್ನೊಂದು. 1966ರಲ್ಲಿ ಸಾಲ್ ವರ್ತ್ ಮತ್ತು ಜಾನ್ ಅಡೇರ್ ಎಂಬ ಸಂಶೋಧಕರು ಅಮೆರಿಕದ ಅರಿಜೋನಾದ ಪೈನ್ ಸ್ಪ್ರಿಂಗ್ಸ್‌ನಲ್ಲಿ ನವಾಹೊ ಎಂಬ ಮೂಲನಿವಾಸಿ ಜನರಿಗೆ 16 ಎಂಎಂ ಕ್ಯಾಮೆರಾ ಕಲಿಸಲು ಹೋದರು. ಅಲ್ಲಿನ ಹಿರಿಯರೊಬ್ಬರು ಕೇಳಿದ್ದು ಇಷ್ಟು: ಸಿನಿಮಾ ಮಾಡಿದರೆ ಕುರಿಗಳಿಗೆ ಕೇಡಾಗುತ್ತದೆಯೇ? ಇಲ್ಲ ಎಂದರು. ಕುರಿಗಳಿಗೆ ಒಳ್ಳೆಯದಾಗುತ್ತದೆಯೇ? ಅದೂ ಇಲ್ಲ ಎಂದರು. ಹಾಗಿದ್ದರೆ ಯಾಕೆ ಮಾಡಬೇಕು? ತಾಂಡಾದ ನಾಯಕರೂ ಅವರಿಗೆ ನೆರವಾಗುವ ಕಾರಭಾರಿಯೂ ನಿಮ್ಮನ್ನು ಇದನ್ನೇ ಬೇರೆ ಮಾತಿನಲ್ಲಿ ಕೇಳುತ್ತಾರೆ. ‘ನಿಮ್ಮ ಸಂಸ್ಕೃತಿಯನ್ನು ಜಗತ್ತಿಗೆ ತೋರಿಸುತ್ತೇವೆ’ ಎಂಬ ಉತ್ತರ ಅಲ್ಲಿ ನಡೆಯುವುದಿಲ್ಲ, ಅದನ್ನು ಹೇಳಿ ಹೋದವರು ಬೇಕಾದಷ್ಟು ಮಂದಿ. ಕೊಡಬಹುದಾದ್ದನ್ನು ಮಾತ್ರ ಹೇಳಿ: ಹಿರಿಯರ ಹಾಡು, ಮಾತುಗಳ ಪೂರ್ತಿ ಧ್ವನಿಮುದ್ರಣದ ಪ್ರತಿ ತಾಂಡಾಕ್ಕೆ, ಅನುವಾದಕರಿಗೆ ಸಂಬಳ, ಆಸಕ್ತ ಹುಡುಗ ಹುಡುಗಿಯರಿಗೆ ಕಮ್ಮಟದಲ್ಲಿ ಜಾಗ.

ಈಗ ಕಮ್ಮಟ. ಹನ್ನೆರಡು ಮಂದಿಗೆ ಮೂವರಂತೆ ನಾಲ್ಕು ಗುಂಪು. ಕ್ಯಾಮೆರಾ, ಧ್ವನಿ, ಟಿಪ್ಪಣಿ, ಈ ಮೂರು ಕೆಲಸ ದಿನವೂ ಬದಲಾಗಲಿ, ಇಲ್ಲದಿದ್ದರೆ ಗಟ್ಟಿ ದನಿಯ ಹುಡುಗನ ಕೈಯಲ್ಲೇ ಕ್ಯಾಮೆರಾ ಉಳಿಯುತ್ತದೆ. ಗುಂಪಿಗೊಂದು ಫೋನ್, ಟ್ರೈಪಾಡ್, ಸಣ್ಣ ರೆಕಾರ್ಡರ್, ಕಿವಿ ಮುಚ್ಚುವ ಹೆಡ್‌ಫೋನ್ ಸಾಕು. ದುಡ್ಡು ಇದ್ದರೆ ಮೊದಲು ಮೈಕಿಗೆ ಹಾಕಿ, ಒಳ್ಳೆಯ ಲೆನ್ಸ್ ಆಮೇಲೆ ನೋಡೋಣ.

ಫೋನಿನ ಕ್ಯಾಮೆರಾ ಆ್ಯಪ್ ತಾನೇ ಎಲ್ಲವನ್ನೂ ನಿರ್ಧರಿಸಿದರೆ ಎಡಿಟಿಂಗ್‌ನಲ್ಲಿ ತಲೆನೋವು. ಬ್ಲ್ಯಾಕ್‌ಮ್ಯಾಜಿಕ್ ಕ್ಯಾಮೆರಾದಂಥ ಉಚಿತ ಆ್ಯಪ್‌ನಲ್ಲಿ ಸೆಕೆಂಡಿಗೆ 25 ಫ್ರೇಮ್, ಶಟರ್ 1/50 ಸೆಕೆಂಡ್ ಎಂದು ಕಟ್ಟಿಹಾಕಿ. ನಮ್ಮ ವಿದ್ಯುತ್ 50 ಹರ್ಟ್ಸ್‌ನದು, 1/60ರಲ್ಲಿ ತೆಗೆದರೆ ಟ್ಯೂಬ್‌ಲೈಟ್ ಅಡಿಯ ದೃಶ್ಯದಲ್ಲಿ ಪಟ್ಟೆ ಪಟ್ಟೆಯಾಗಿ ಬೆಳಕು ಅಲುಗುತ್ತದೆ. ಎಕ್ಸ್‌ಪೋಶರ್, ಫೋಕಸ್, ವೈಟ್ ಬ್ಯಾಲೆನ್ಸ್ ಮೂರನ್ನೂ ಲಾಕ್ ಮಾಡಿಸಿ. ಇಲ್ಲದಿದ್ದರೆ ಒಲೆಯ ಹೊಗೆ ಎದ್ದಾಗಲೆಲ್ಲ ಚಿತ್ರ ಕಪ್ಪಾಗಿ ಬೆಳ್ಳಗಾಗುತ್ತದೆ. ಬಹಳ ಫೋನ್‌ಗಳು ಫ್ರೇಮ್ ದರವನ್ನು ಒಳಗೊಳಗೇ ಏರಿಳಿಸುತ್ತವೆ. ಹತ್ತು ನಿಮಿಷದ ಶಾಟ್‌ನ ಕೊನೆಯಲ್ಲಿ ತುಟಿಯೂ ದನಿಯೂ ಕೂಡದಿದ್ದರೆ ಕಾರಣ ಇದೇ. ಎಡಿಟಿಂಗ್‌ಗೆ ಮುಂಚೆ ಹ್ಯಾಂಡ್‌ಬ್ರೇಕ್ ತಂತ್ರಾಂಶದಲ್ಲಿ 25ರ ಸ್ಥಿರ ಫ್ರೇಮ್ ದರಕ್ಕೆ ಬದಲಿಸಿಕೊಳ್ಳಿ.

ಮೊದಲ ದಿನದ ಅಭ್ಯಾಸ: ಒಂದು ನಿಮಿಷ, ಒಂದೇ ಶಾಟ್, ಟ್ರೈಪಾಡ್ ಅಲುಗಬಾರದು, ಝೂಮ್ ಇಲ್ಲ, ಸಂಗೀತ ಇಲ್ಲ. 1895ರ ಲುಮಿಯೇರ್ ಸಹೋದರರ ಚಿತ್ರಗಳೂ ಸುಮಾರು 50 ಸೆಕೆಂಡಿನವು, ಒಂದೆರಡು ತೋರಿಸಿ. ಎರಡನೆಯ ದಿನ ಬರೀ ಧ್ವನಿ, ಚಿತ್ರ ಇಲ್ಲ. ಮೂರನೆಯ ದಿನದ್ದು ಕಷ್ಟದ್ದು: ಒಂದು ಕೆಲಸವನ್ನು ಮೊದಲಿನಿಂದ ಕೊನೆಯವರೆಗೆ ಹತ್ತು ಶಾಟ್‌ನಲ್ಲಿ ತರುವುದು.

ಜೋಳದ ರೊಟ್ಟಿಯನ್ನೇ ಕೊಡಿ. ಎಲ್ಲರಿಗೂ ಗೊತ್ತಿರುವ ಕೆಲಸ, ಹಾಗಾಗಿಯೇ ಯಾರೂ ಸರಿಯಾಗಿ ನೋಡಿರುವುದಿಲ್ಲ. ಬಿಸಿನೀರು ಹಾಕಿ ಹಿಟ್ಟು ನಾದುವುದು, ಉಂಡೆ, ಬಡಿಯುವುದು, ಎತ್ತಿ ಹಂಚಿಗೆ ಹಾಕುವುದು, ಮೇಲೆ ನೀರು ಸವರುವುದು, ನೀರು ಆರಿದ ಮೇಲೆ ತಿರುವುವುದು, ಕೆಂಡಕ್ಕೆ ಒರಗಿಸಿದಾಗ ಉಬ್ಬುವುದು. ವಿದ್ಯಾರ್ಥಿಗಳು ಬಡಿಯುವುದನ್ನು ಆರು ಕೋನದಿಂದ ತೆಗೆದು ತರುತ್ತಾರೆ, ನೀರು ಸವರುವುದು ಮಾತ್ರ ಇರುವುದೇ ಇಲ್ಲ. ಎಡಿಟಿಂಗ್‌ನಲ್ಲಿ ಒಣಗಿದ ರೊಟ್ಟಿ ಇದ್ದಕ್ಕಿದ್ದಂತೆ ತಿರುವಿ ಬಿದ್ದಿರುತ್ತದೆ. ಎರಡನೆಯ ತಪ್ಪು, ಕೈ ಆಗಲೇ ಚಲಿಸುತ್ತಿರುವಾಗ ರೆಕಾರ್ಡ್ ಒತ್ತುವುದು ಮತ್ತು ಅದು ನಿಲ್ಲುವ ಮೊದಲೇ ಬಂದ್ ಮಾಡುವುದು. ಶಾಟ್ ಜೋಡಿಸಲು ಕ್ರಿಯೆಯ ಆಚೆ ಈಚೆ ಐದೈದು ಸೆಕೆಂಡ್ ಬೇಕು. ಮೂರನೆಯದು, ಬಡಿಯುವ ತಾಳದ ಮಧ್ಯೆ ಧ್ವನಿ ತುಂಡಾಗುವುದು. ರೊಟ್ಟಿ ಬಡಿಯುವ ಸದ್ದನ್ನು ಎರಡು ನಿಮಿಷ ಬೇರೆಯಾಗಿ ಮುದ್ರಿಸಿಕೊಂಡಿದ್ದರೆ ಚಿತ್ರವನ್ನು ಎಲ್ಲಿ ಬೇಕಾದರೂ ಕತ್ತರಿಸಬಹುದಿತ್ತು. ಇದನ್ನು ಸಂಜೆ ಎಲ್ಲರ ಮುಂದೆ ಪರದೆಯ ಮೇಲೆ ನೋಡಿದ ಮೇಲೆ ಮರುದಿನ ಮತ್ತೆ ಅದೇ ರೊಟ್ಟಿ ತೆಗೆಸಿ. ಎರಡನೆಯ ಸಲ ಬರುವ ಬದಲಾವಣೆ ವಾರದ ಪಾಠಕ್ಕೆ ಸಮ.

ನಾಲ್ಕು, ಐದನೆಯ ದಿನ ಮಾತು: ಒಬ್ಬ ವ್ಯಕ್ತಿ, ಕೆಲಸ ಮಾಡುತ್ತ ಮಾತಾಡಬೇಕು, ಕುರ್ಚಿಯಲ್ಲಿ ಕೂರಿಸಿದ ಸಂದರ್ಶನ ಬೇಡ. ಆರನೆಯ ದಿನ ಮೇಲೆ ಹೇಳಿದ ಐದು ಅಂಕಣದ ಹಾಳೆ. ಮುಂದಿನ ನಾಲ್ಕು ದಿನ ಮೂರು ನಿಮಿಷದ ಚಿತ್ರ. ಹತ್ತು ದಿನ ಸಾಲುತ್ತದೆ. ಸೆಮಿಸ್ಟರ್ ವೇಳಾಪಟ್ಟಿಗೆ ಹೊಂದಿಸುವುದಾದರೆ ವಾರಕ್ಕೆ ಒಂದು ಗಂಟೆಯ ತರಗತಿಗಳಾಗಿ ಒಡೆಯಬೇಡಿ, ಕ್ಯಾಮೆರಾ ಹೊರತೆಗೆದು ಹೊಂದಿಸುವಷ್ಟರಲ್ಲಿ ಗಂಟೆ ಹೊಡೆಯುತ್ತದೆ. ಶನಿವಾರ ಅರ್ಧ ದಿನವಾದರೂ ಒಟ್ಟಿಗೆ ಬೇಕು.

ತಾಂಡಾಕ್ಕೆ ಹೋದಾಗ ಧ್ವನಿಯ ಒಂದು ವಿಶೇಷ ತೊಂದರೆ ಎದುರಾಗುತ್ತದೆ. ಹಿರಿಯ ಹೆಂಗಸರ ಉಡುಪಿನಲ್ಲಿ ಕನ್ನಡಿ, ನಾಣ್ಯ, ಗೆಜ್ಜೆ, ತೋಳುದ್ದ ಬಳೆ ಇರುತ್ತವೆ. ಎದೆಗೆ ಸಿಕ್ಕಿಸುವ ಪುಟ್ಟ ಮೈಕ್ ಇಟ್ಟರೆ ಮಾತಿಗಿಂತ ಲೋಹದ ಸದ್ದೇ ಜೋರು, ಆಮೇಲೆ ಯಾವ ತಂತ್ರಾಂಶವೂ ಅದನ್ನು ಪೂರ್ತಿ ತೆಗೆಯಲಾರದು. ಬೂಮ್ ಕೋಲಿನ ತುದಿಯ ಮೈಕನ್ನು ಮೇಲಿನಿಂದ, ಬಾಯಿಗೆ ಎರಡು ಅಡಿ ಒಳಗೆ ಹಿಡಿಯಿರಿ. ರೆಕಾರ್ಡರಿನ ಮೀಟರಿನಲ್ಲಿ ಮಾತು ಮೈನಸ್ 18ರಿಂದ ಮೈನಸ್ 12 ಡೆಸಿಬಲ್ ನಡುವೆ ಆಡುತ್ತಿರಲಿ, ನಗು, ಕೂಗು ಮೈನಸ್ 6 ದಾಟದಿರಲಿ. ಜಾಗ ಬಿಡುವ ಮುನ್ನ ಯಾರೂ ಮಾತಾಡದೆ 30 ಸೆಕೆಂಡ್ ಅಲ್ಲಿನ ಸದ್ದನ್ನು ಮಾತ್ರ ಮುದ್ರಿಸಿಕೊಳ್ಳಿ. ಅದೇ ಕನ್ನಡಿಗಳು ಮಧ್ಯಾಹ್ನದ ಬಿಸಿಲಿನಲ್ಲಿ ಲೆನ್ಸಿಗೆ ನೇರವಾಗಿ ಬೆಳಕು ಎರಚುತ್ತವೆ. ಹತ್ತು ಗಂಟೆಯೊಳಗೆ ಅಥವಾ ನಾಲ್ಕರ ಮೇಲೆ ತೆಗೆಯಿರಿ, ಇಲ್ಲವೇ ನೆರಳಿಗೆ ಸರಿಯಿರಿ. ಸೆಕೆಂಡಿಗೆ 100 ಮೆಗಾಬಿಟ್ ದರದಲ್ಲಿ ತೆಗೆದರೆ ಗಂಟೆಗೆ 45 ಜಿಬಿ, 20 ಗಂಟೆಗೆ 900 ಜಿಬಿ. 2 ಟಿಬಿಯ ಎರಡು ಹಾರ್ಡ್ ಡಿಸ್ಕ್ ಬೇಕು. ಎರಡೂ ಒಂದೇ ಚೀಲದಲ್ಲಿ ಪ್ರಯಾಣಿಸಬಾರದು.

ಒಪ್ಪಿಗೆಯ ವಿಷಯ. ನಾಯಕರ ಅನುಮತಿ ತಾಂಡಾದೊಳಗೆ ಬರಲು ಮಾತ್ರ, ಅದು ಒಬ್ಬೊಬ್ಬರ ಒಪ್ಪಿಗೆಯಾಗದು. ಅಕ್ಷರ ಬಾರದವರಿಂದ ಇಂಗ್ಲಿಷ್ ಫಾರಂಗೆ ಹೆಬ್ಬೆಟ್ಟು ಒತ್ತಿಸಿಕೊಳ್ಳುವ ಪದ್ಧತಿ ಇದೆ, ಅದರಿಂದ ನಿಮ್ಮ ಕಡತ ದಪ್ಪವಾಗುತ್ತದೆ ಅಷ್ಟೆ. ಅವರ ಭಾಷೆಯಲ್ಲೇ ವಿವರಿಸಿ, ಅವರ ಉತ್ತರವನ್ನು ಕ್ಯಾಮೆರಾದಲ್ಲಿ ಪಡೆಯಿರಿ. ಇದನ್ನು ಮೂರು ಸಲ ಮಾಡಬೇಕು: ತೆಗೆಯುವ ಮೊದಲು, ತೆಗೆದದ್ದನ್ನು ಅವರಿಗೆ ತೋರಿಸಿದ ಮೇಲೆ, ಬಿಡುಗಡೆಗೆ ಮುನ್ನ. ಎರಡನೆಯದೇ ನಿಜವಾದದ್ದು, ತಮ್ಮ ಮುಖವನ್ನು ಪರದೆಯಲ್ಲಿ ಕಂಡ ಮೇಲೆಯೇ ಜನರಿಗೆ ಏನಾಗುತ್ತಿದೆಯೆಂದು ಗೊತ್ತಾಗುವುದು. ಕಬ್ಬು ಕಡಿಯಲು ಹೋಗುವವರು ಮುಕಾದಮನಿಂದ ಮುಂಗಡ ಎಷ್ಟು ತೆಗೆದುಕೊಂಡೆವೆಂದು ಹೇಳಿದರೆ, ಆ ಮಾತನ್ನು ಮುಕಾದಮನೂ ಮೊಬೈಲಿನಲ್ಲಿ ನೋಡುತ್ತಾನೆ ಎಂಬುದನ್ನು ನೀವೇ ನೆನಪಿಸಿ. ಪೋಷಣೆ, ರಕ್ಷಣೆ ಬೇಕಾದ ಮಕ್ಕಳ ಗುರುತು ಬಯಲು ಮಾಡುವುದನ್ನು ಬಾಲನ್ಯಾಯ ಕಾಯ್ದೆಯ 74ನೇ ಕಲಂ ನಿಷೇಧಿಸುತ್ತದೆ. ಸಂದರ್ಶನಕ್ಕೆ ಹಣ ಕೊಡಬೇಡಿ, ಆದರೆ ನಿಮ್ಮಿಂದ ಒಂದು ದಿನದ ಕೂಲಿ ತಪ್ಪಿದರೆ ಅದನ್ನು ತುಂಬಿಕೊಡಿ. ಎಲ್ಲರಿಗೂ ಒಂದೇ ದರ, ಮೊದಲೇ ಹೇಳಿದ ದರ.

ಸಬ್‌ಟೈಟಲ್‌ಗೆ ಕನ್ನಡದ ತೊಂದರೆಗಳು ಬೇರೆಯೇ. ಇಂಗ್ಲಿಷ್‌ಗೆ ಒಂದು ಸಾಲಿಗೆ 42 ಅಕ್ಷರ, ಎರಡೇ ಸಾಲು ಎಂಬ ವಾಡಿಕೆ ಇದೆ. ಕನ್ನಡಕ್ಕೆ ತಂತ್ರಾಂಶದ ಎಣಿಕೆ ನಂಬಬೇಡಿ. ‘ಸ್ತ್ರೀ’ ಎಂಬುದು ಕಣ್ಣಿಗೆ ಒಂದೇ ಅಕ್ಷರ, ಯೂನಿಕೋಡ್ ಲೆಕ್ಕದಲ್ಲಿ ಆರು. ಸಾಲಿಗೆ ಐದಾರು ಪದ ಎಂದು ಇಟ್ಟುಕೊಳ್ಳಿ, ಎರಡು ತುಂಬಿದ ಸಾಲಿಗೆ ನಾಲ್ಕೈದು ಸೆಕೆಂಡ್ ಕೊಡಿ, ಯಾವುದೂ ಏಳು ಸೆಕೆಂಡ್ ಮೀರದಿರಲಿ. ಒತ್ತಕ್ಷರಗಳು ಕೆಳಗೆ ಇಳಿಯುವುದರಿಂದ ಎರಡು ಸಾಲಿನ ನಡುವೆ ಇಂಗ್ಲಿಷ್‌ಗಿಂತ ಹೆಚ್ಚು ಜಾಗ ಬೇಕು, ಇಲ್ಲದಿದ್ದರೆ ಮೇಲಿನ ಸಾಲಿನ ಒತ್ತು ಕೆಳಗಿನ ಸಾಲಿನ ಗುಡಿಸಿಗೆ ಚುಚ್ಚುತ್ತದೆ. ‘ನುಡಿ’ ತಂತ್ರಾಂಶದ ಹಳೆಯ ಆಸ್ಕಿ ವಿಧಾನದಲ್ಲಿ ಟೈಪ್ ಮಾಡಿದ್ದನ್ನು ಹಾಗೇ ಹಾಕಿದರೆ ಪರದೆಯ ಮೇಲೆ ಅರ್ಥವಿಲ್ಲದ ರೋಮನ್ ಚಿಹ್ನೆಗಳು ಬರುತ್ತವೆ. ಯೂನಿಕೋಡ್‌ಗೆ ಪರಿವರ್ತಿಸಿ, ಎಸ್‌ಆರ್‌ಟಿ ಎಂಬ ಸಬ್‌ಟೈಟಲ್ ಕಡತವನ್ನು ಯುಟಿಎಫ್-8 ಆಗಿ ಉಳಿಸಿ, ನೋಟೊ ಸಾನ್ಸ್ ಕನ್ನಡದಂಥ ಫಾಂಟ್ ಬಳಸಿ. ಅಡೋಬಿ ಪ್ರೀಮಿಯರ್‌ನಲ್ಲಿ ಒತ್ತಕ್ಷರ ಒಡೆದು ಪಕ್ಕಪಕ್ಕ ಬಿದ್ದರೆ, ಪ್ರಿಫರೆನ್ಸಸ್‌ನ ಗ್ರಾಫಿಕ್ಸ್ ವಿಭಾಗದಲ್ಲಿ ‘ಸೌತ್ ಏಷ್ಯನ್ ಆ್ಯಂಡ್ ಮಿಡ್ಲ್ ಈಸ್ಟರ್ನ್’ ಎಂಬ ಟೆಕ್ಸ್ಟ್ ಎಂಜಿನ್ ಆರಿಸಿ.

ಇಂಗ್ಲಿಷ್ ಸಬ್‌ಟೈಟಲ್ ಅನ್ನು ಕನ್ನಡ ಸಬ್‌ಟೈಟಲ್‌ನಿಂದ ಮಾಡಿಸಬೇಡಿ. ಐದು ಅಂಕಣದ ಹಾಳೆಯಿಂದ, ಅನುವಾದಕರನ್ನು ಪಕ್ಕದಲ್ಲಿ ಕೂರಿಸಿಕೊಂಡು ಮಾಡಿಸಿ. ಚುಟುಕುಗೊಳಿಸಿದ್ದನ್ನು ಮತ್ತೆ ಚುಟುಕುಗೊಳಿಸಿದರೆ ಅಜ್ಜಿಯ ಮಾತು ಸರ್ಕಾರಿ ಜಾಹೀರಾತಿನಂತಾಗುತ್ತದೆ. ಒರಟು ಕಟ್, ಅಂದರೆ ಚಿತ್ರದ ಮೊದಲ ಜೋಡಣೆ, ಸಿದ್ಧವಾದಾಗ ತಾಂಡಾದವರು, ತಾಂಡಾ ಕಾಣದ ಕನ್ನಡಿಗರು, ನಿಮ್ಮ ಅಮೆರಿಕದ ಗೆಳೆಯರ ವಿದ್ಯಾರ್ಥಿಗಳು, ಈ ಮೂರು ಗುಂಪಿಗೆ ಬೇರೆಬೇರೆಯಾಗಿ ತೋರಿಸಿ, ಗುಂಪಿಗೆ ಐದಾರು ಮಂದಿ. ‘ಹೇಗಿತ್ತು’ ಎಂದು ಕೇಳಿದರೆ ಎಲ್ಲರೂ ಚೆನ್ನಾಗಿತ್ತು ಎನ್ನುತ್ತಾರೆ. ಯಾರು ಯಾರಿಗೆ ಏನಾಗಬೇಕು, ಏನು ನಡೆಯಿತು, ಕಥೆ ಹೇಳಿ ಎನ್ನಿ. ದೂರದವರು ತಪ್ಪಿದ ಕಡೆ ಒಂದು ಸಾಲಿನ ವಿವರ ಸೇರಿಸಿ. ತಾಂಡಾದವರು ನಕ್ಕ ಕಡೆ ನೀವು ಅಳುವ ಸಂಗೀತ ಹಾಕಿದ್ದರೆ ಅದನ್ನು ತೆಗೆಯಿರಿ.

ಅಮೆರಿಕದ ಸಹಭಾಗಿಗಳ ಜೊತೆ ಬಾಯಿಮಾತಿನ ಒಪ್ಪಂದ ಬೇಡ. ಮೂಲ ಫುಟೇಜ್ ಯಾರದು, ಪ್ರತಿ ಎಲ್ಲಿರುತ್ತದೆ, ಕನ್ನಡ ಆವೃತ್ತಿಯ ಮೇಲೆ ಕೊನೆಯ ಮಾತು ಯಾರದು, ವಿದ್ಯಾರ್ಥಿಗಳ ಹೆಸರು ಎಲ್ಲಿ ಬರುತ್ತದೆ, ಇಷ್ಟನ್ನಾದರೂ ಎರಡು ಪುಟದಲ್ಲಿ ಬರೆದು ಸಹಿ ಹಾಕಿಸಿ. ಅವರ ವಿಶ್ವವಿದ್ಯಾಲಯದಲ್ಲಿ ಐಆರ್‌ಬಿ ಎಂಬ ನೈತಿಕ ಪರಿಶೀಲನಾ ಮಂಡಳಿ ಇರುತ್ತದೆ. ಈ ಕೆಲಸಕ್ಕೆ ಅದರ ಅನುಮತಿ ಬೇಕೇ ಬೇಡವೇ ಎಂದು ಶೂಟಿಂಗ್‌ಗೆ ಮೊದಲೇ ಬರಹದಲ್ಲಿ ಪಡೆಯಲಿ, ನಂತರ ಪಡೆಯಲು ಬರುವುದಿಲ್ಲ. ಅವರು ರೂಢಿಯಂತೆ 24 ಅಥವಾ 30 ಫ್ರೇಮ್‌ನಲ್ಲಿ, ನೀವು 25ರಲ್ಲಿ ತೆಗೆದರೆ ಎತ್ತು ಏರಿಗೆ ಕೋಣ ನೀರಿಗೆ. ಎಲ್ಲರೂ 25 ಎಂದು ಮೊದಲ ಕರೆಯಲ್ಲೇ ತೀರ್ಮಾನಿಸಿ. ಅವರು ಇಲ್ಲಿಗೆ ಬಂದು ತೆಗೆಯುವುದಾದರೆ ಪ್ರವಾಸಿ ವೀಸಾ ಸಾಲದು, ವಿದೇಶಾಂಗ ಸಚಿವಾಲಯದ ಅನುಮತಿ ಬೇಕು. ವಿದೇಶದ ದೇಣಿಗೆ ನಿಮ್ಮ ಟ್ರಸ್ಟ್‌ಗೋ ಸಂಘಕ್ಕೋ ಬರಬೇಕಾದರೆ ವಿದೇಶಿ ದೇಣಿಗೆ ನಿಯಂತ್ರಣ ಕಾಯ್ದೆ (ಎಫ್‌ಸಿಆರ್‌ಎ) ಅಡಿ ನೋಂದಣಿ ಅಥವಾ ಪೂರ್ವಾನುಮತಿ ಇರಲೇಬೇಕು.

ಕೆಲಸದ ಭದ್ರತೆಯ ಬಗ್ಗೆ ಎರಡೇ ಮಾತು. ಕಾಯಂ ಸಹಾಯಕ ಪ್ರಾಧ್ಯಾಪಕ ಹುದ್ದೆಗೆ ಸ್ನಾತಕೋತ್ತರ ಪದವಿಯಲ್ಲಿ ಶೇ 55 ಅಂಕ, ಜೊತೆಗೆ ನೆಟ್ ಅಥವಾ ಕೆ-ಸೆಟ್ ಅರ್ಹತಾ ಪರೀಕ್ಷೆ, ಇಲ್ಲವೇ ಯುಜಿಸಿ ನಿಯಮದಂತೆ ಪಡೆದ ಪಿಎಚ್‌ಡಿ. ಎಷ್ಟು ಚಿತ್ರ ಮಾಡಿದ್ದರೂ ಇದಕ್ಕೆ ವಿನಾಯಿತಿ ಇಲ್ಲವೆಂದೇ ತಿಳಿದು ಪರೀಕ್ಷೆ ಮುಗಿಸಿಕೊಳ್ಳಿ. ಯುಜಿಸಿ 2022ರಲ್ಲಿ ತಂದ ‘ಪ್ರೊಫೆಸರ್ ಆಫ್ ಪ್ರಾಕ್ಟೀಸ್’ ಹುದ್ದೆಗೆ ಪದವಿಯ ಕಟ್ಟುಪಾಡಿಲ್ಲ, ಆದರೆ 15 ವರ್ಷದ ವೃತ್ತಿ ಅನುಭವ ಬೇಕು, ಅವಧಿಯೂ ಸೀಮಿತ. ಅದು ನಿಮಗೆ ಇನ್ನೂ ದೂರ. ಹಣಕ್ಕೆ ಹತ್ತಿರದ ಬಾಗಿಲು ಬೆಂಗಳೂರಿನ ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್. ಅದರ ‘ಕಲಿ-ಕಲಿಸು’ ಕಾರ್ಯಕ್ರಮ ಕರ್ನಾಟಕದ ಸರ್ಕಾರಿ ಶಾಲೆಗಳಿಗಾಗಿಯೇ ರೂಪಿಸಿದ್ದು. ನಿಮ್ಮ ಕಮ್ಮಟವನ್ನು ತಾಂಡಾದ ಶಾಲೆಯ ಮೇಷ್ಟ್ರ ಜೊತೆಗೂಡಿ ಯೋಜಿಸಿದರೆ ಅರ್ಜಿಗೆ ಅರ್ಥ ಬರುತ್ತದೆ. ಅರ್ಜಿಯ ಜೊತೆ ನಿಮ್ಮ ಚಿತ್ರದ ತುಣುಕಿಗಿಂತ ಪಠ್ಯಕ್ರಮ, ವಿದ್ಯಾರ್ಥಿಗಳ ರೊಟ್ಟಿ ಅಭ್ಯಾಸದ ಮೊದಲನೆಯ ಮತ್ತು ಎರಡನೆಯ ಸಲದ ಎರಡು ಕಟ್, ಅನುವಾದದ ಹಾಳೆಯ ಒಂದು ಪುಟ ಇಡಿ. ಕಲಿಸಬಲ್ಲ ಚಿತ್ರಕಾರ ಎಂಬುದಕ್ಕೆ ಸಾಕ್ಷಿ ಅವೇ.

ಇನ್ನು ಯಾವಾಗ ಶುರು? ವಿಜಯಪುರದ ಸುತ್ತಿನ ಎಷ್ಟೋ ತಾಂಡಾಗಳು ದೀಪಾವಳಿ ಮುಗಿಯುತ್ತಲೇ ಕಬ್ಬಿನ ಕೆಲಸಕ್ಕೆ, ಗೋವಾ ಮಹಾರಾಷ್ಟ್ರದ ಕಟ್ಟಡ ಕೆಲಸಕ್ಕೆ ಖಾಲಿಯಾಗಿ, ಮುದುಕರೂ ಮಕ್ಕಳೂ ಉಳಿಯುತ್ತಾರೆ. ಕಮ್ಮಟವನ್ನು ಜುಲೈನಲ್ಲಿ ಮುಗಿಸಿ, ಆಗಸ್ಟ್‌ನಲ್ಲಿ ಕ್ಯಾಮೆರಾ ಇಲ್ಲದೆ ಹೋಗಿ ಬಂದು, ಸೆಪ್ಟೆಂಬರ್‌ನಿಂದ ಹಬ್ಬದವರೆಗೆ ತೆಗೆಯಿರಿ. ದಿನದಿನದ ಹಾಳೆಗಳಲ್ಲಿ ಉಳಿದುಹೋದ ಅನುವಾದ ಮುಗಿಸಲು, ಇಬ್ಬರ ಅನುವಾದ ತಾಳೆ ನೋಡಲು ನವೆಂಬರ್, ಡಿಸೆಂಬರ್. ಆ ಹಾಳೆಗಳಲ್ಲಿ ವಲಸೆಯ ಮಾತೇ ಮತ್ತೆ ಮತ್ತೆ ಬಂದರೆ ಜನವರಿಯಲ್ಲಿ ಒಂದು ಗುಂಪು ಮಾತ್ರ ಕಬ್ಬಿನ ಗದ್ದೆಗೆ ಹೋಗಲಿ, ಉಳಿದವರು ಊರಲ್ಲಿ ಉಳಿದ ಮುದುಕರ ಜೊತೆ ಇರಲಿ. ಒರಟು ಕಟ್ ಅನ್ನು ತಾಂಡಾದಲ್ಲಿ ತೋರಿಸುವುದು ಜನ ವಾಪಸ್ ಬಂದ ಮೇಲೆ, ಯುಗಾದಿ ಕಳೆದು. ರಾತ್ರಿ ಎಂಟರ ನಂತರ ಇಟ್ಟುಕೊಳ್ಳಿ, ಪ್ರೊಜೆಕ್ಟರ್ ಜೊತೆ ಇನ್ವರ್ಟರ್, ಪ್ರತ್ಯೇಕ ಸ್ಪೀಕರ್ ಒಯ್ಯಿರಿ. ಊರವರು ಏನಂದರು ಎಂದು ಬರೆದುಕೊಳ್ಳಲು ಇಬ್ಬರು ಅನುವಾದಕರನ್ನೂ ಆ ರಾತ್ರಿ ಕರೆದೊಯ್ಯುವುದನ್ನು ಮರೆಯಬೇಡಿ, ಅದರ ಸಂಬಳವೂ ಬಜೆಟ್ಟಿನಲ್ಲಿರಲಿ.